ಬೆಣ್ಣೆಹಣ್ಣು ಹೆಚ್ಚುವಾಗ ಚಾಕು ಅಂಗೈಗೆ ಬೀಳದಿರಲಿ

ಬೆಣ್ಣೆಹಣ್ಣಿನಷ್ಟು, ಅಂದರೆ ಅವಕಾಡೊದಷ್ಟು, ಮೆತ್ತಗಿನ ಹಣ್ಣುಗಳು ಕಡಿಮೆ. ಚಮಚದಲ್ಲೇ ತೆಗೆದು ತಿನ್ನಬಹುದು. ಹಾಗಿದ್ದೂ ಈ ಹಣ್ಣು ಹೆಚ್ಚಲು ಹೋಗಿ ಅಂಗೈಗೆ ಚಾಕು ಚುಚ್ಚಿಕೊಂಡವರು ಜಗತ್ತಿನಲ್ಲಿ ಬಹಳ ಮಂದಿ. ಅಮೆರಿಕದ ಆಸ್ಪತ್ರೆಗಳ ತುರ್ತು ಚಿಕಿತ್ಸಾ ವಿಭಾಗದ ದಾಖಲೆಗಳನ್ನು ನೋಡಿ ಮಾಡಿದ ಒಂದು ಅಧ್ಯಯನ 2020ರಲ್ಲಿ ಪ್ರಕಟವಾಯಿತು. 1998ರಿಂದ 2017ರವರೆಗೆ ಆ ದೇಶದಲ್ಲಿ ಸುಮಾರು 50 ಸಾವಿರ ಸಲ ಜನ ಈ ಗಾಯ ಹೊತ್ತು ಆಸ್ಪತ್ರೆಗೆ ಬಂದಿದ್ದರು ಎಂದು ಅದರ ಅಂದಾಜು. ಬಂದವರಲ್ಲಿ ಶೇ 80ರಷ್ಟು ಹೆಂಗಸರು. ನಟಿ ಮೆರಿಲ್ ಸ್ಟ್ರೀಪ್ 2012ರಲ್ಲಿ ಕೈಗೆ ಬ್ಯಾಂಡೇಜ್ ಸುತ್ತಿಕೊಂಡು ಕಾಣಿಸಿಕೊಂಡದ್ದಕ್ಕೂ ಇದೇ ಹಣ್ಣು ಕಾರಣವಾಗಿತ್ತು. 2017ರಲ್ಲಿ ಬ್ರಿಟನ್ನಿನ ಪ್ಲಾಸ್ಟಿಕ್ ಸರ್ಜನ್‌ಗಳು ಹಣ್ಣಿನ ಮೇಲೇ ಎಚ್ಚರಿಕೆಯ ಚೀಟಿ ಅಂಟಿಸಿ ಎಂದು ಕೇಳಿದರು. ‘ಅವಕಾಡೊ ಹ್ಯಾಂಡ್’ ಅಂದರೆ ಅಲ್ಲಿನ ವೈದ್ಯರಿಗೆ ಈಗ ವಿವರಿಸಿ ಹೇಳಬೇಕಾಗಿಲ್ಲ.

ಈ ಗಾಯ ಹೆಚ್ಚಾಗಿ ಆಗುವುದು ಎಡಗೈಗೆ. ಬಲಗೈಯಲ್ಲಿ ಚಾಕು, ಎಡಗೈಯಲ್ಲಿ ಹಣ್ಣು. ಹಣ್ಣನ್ನು ದಾಟಿದ ಚಾಕುವಿಗೆ ಮುಂದೆ ಸಿಗುವುದು ಅಂಗೈ. ಹಾಗಾಗಿ ನಾನು ಹೇಳಲು ಹೊರಟದ್ದು ಮುಖ್ಯವಾಗಿ ಒಂದೇ ನಿಯಮ. ಚಾಕು ಆಡಬೇಕಾದ್ದು ಹಲಗೆಯ ಮೇಲೆ ಮಾತ್ರ. ಹಣ್ಣು ಕೈಗೆ ಬಂದ ಮೇಲೆ ಇನ್ನೊಂದು ಕೈಯಲ್ಲಿ ಚಮಚವಷ್ಟೇ ಇರಬೇಕು. ಉಳಿದದ್ದೆಲ್ಲ ಈ ನಿಯಮವನ್ನು ಪಾಲಿಸುವ ದಾರಿ.

ನಮ್ಮ ಮನೆಗಳಲ್ಲಿ ಇದನ್ನು ಒತ್ತಿ ಹೇಳುವುದಕ್ಕೆ ಕಾರಣ ಇದೆ. ಹುರುಳಿಕಾಯಿ, ಬೆಂಡೆಕಾಯಿ, ಎಣ್ಣೆಗಾಯಿಗೆ ಸೀಳುವ ಬದನೆಕಾಯಿ, ಎಲ್ಲವನ್ನೂ ಕೈಯಲ್ಲೇ ಹಿಡಿದು ಹೆಚ್ಚುವ ಅಭ್ಯಾಸ ನಮ್ಮದು. ಹೆಬ್ಬೆರಳೇ ಹಲಗೆಯ ಕೆಲಸ ಮಾಡುತ್ತದೆ. ಆ ತರಕಾರಿಗಳಲ್ಲಿ ಇದು ನಡೆಯುತ್ತದೆ, ಏಕೆಂದರೆ ಅವು ಒಳಗೂ ಹೊರಗೂ ಹೆಚ್ಚುಕಡಿಮೆ ಒಂದೇ ಸಮ ಗಟ್ಟಿ. ಎಷ್ಟು ಒತ್ತಿದರೆ ಎಷ್ಟು ಇಳಿಯುತ್ತದೆ ಎಂದು ಕೈಗೆ ಗೊತ್ತಿರುತ್ತದೆ. ಬೆಣ್ಣೆಹಣ್ಣಿನಲ್ಲಿ ಆ ಅಂದಾಜು ಕೆಡುತ್ತದೆ. ಮೇಲೆ ಸಿಪ್ಪೆ, ಒಳಗೆ ಬೆಣ್ಣೆಯಂಥ ತಿರುಳು, ನಡುವೆ ಗಟ್ಟಿ ಬೀಜ, ಬೀಜದಾಚೆ ಮತ್ತೆ ಅದೇ ಮೆತ್ತಗಿನ ತಿರುಳು. ಬೀಜ ಗುಂಡಗಿದೆ, ಜಾರುತ್ತದೆ. ಬೀಜಕ್ಕೆ ತಗುಲಿದ ಅಲಗನ್ನು ಇನ್ನಷ್ಟು ಒತ್ತಿದರೆ ಅದು ಬೀಜದ ಪಕ್ಕಕ್ಕೆ ಜಾರುತ್ತದೆ. ಅಲ್ಲಿ ತಡೆಯುವಂಥದ್ದು ಏನೂ ಇಲ್ಲ. ಬೀಜಕ್ಕೆಂದು ಹಾಕಿದ ಬಲವೆಲ್ಲ ಒಂದೇ ಸಲಕ್ಕೆ ತಿರುಳು, ಸಿಪ್ಪೆ ದಾಟಿ ಅಂಗೈಗೆ ಬರುತ್ತದೆ.

ಇದಕ್ಕೆ ವಿಡಿಯೋಗಳೂ ಸೇರಿಕೊಂಡಿವೆ. ಹೋಟೆಲ್ ಬಾಣಸಿಗರು ಅರ್ಧ ಹಣ್ಣನ್ನು ಅಂಗೈಯಲ್ಲಿ ಇಟ್ಟುಕೊಂಡು, ಚಾಕುವಿನಿಂದ ಬೀಜಕ್ಕೆ ಒಂದೇಟು ಹಾಕಿ, ತಿರುಗಿಸಿ ಎತ್ತುತ್ತಾರೆ. ನೋಡಲು ಚೆನ್ನಾಗಿರುತ್ತದೆ. ಆದರೆ ಅದು ಅಂಗೈ ಕಡೆಗೆ ಚಾಕು ಬೀಸುವ ಕೆಲಸ. ಗುರಿ ಒಂದು ಬೆರಳಗಲ ತಪ್ಪಿದರೂ ಸಾಕು. ಬೀಜಕ್ಕೆ ಕಚ್ಚಿಕೊಂಡ ಚಾಕುವಿನಿಂದ ಬೀಜ ಬಿಡಿಸುವುದು ಇನ್ನೊಂದು ಅಪಾಯ. ಅಲಗಿನ ಎರಡೂ ಕಡೆ ಬೆರಳು ಇಟ್ಟು ಜಾರುವ ಬೀಜವನ್ನು ಒತ್ತಬೇಕಾಗುತ್ತದೆ. ದಿನಕ್ಕೆ ನೂರಾರು ಹಣ್ಣು ಹೆಚ್ಚುವವರ ಕೈಚಳಕವನ್ನು ವಾರಕ್ಕೊಂದು ಹಣ್ಣು ತರುವ ನಾವು ಅನುಕರಿಸಬಾರದು.

ಗಾಯ ಚಿಕ್ಕದು, ಒಳಗಿನ ಪೆಟ್ಟು ದೊಡ್ಡದು

ತರಕಾರಿ ಹೆಚ್ಚುವಾಗ ಬೆರಳ ತುದಿ ಕೊಯ್ದುಕೊಳ್ಳುವುದು ಎಲ್ಲರಿಗೂ ಗೊತ್ತು. ರಕ್ತ ಬರುತ್ತದೆ, ಉರಿಯುತ್ತದೆ, ನಾಲ್ಕು ದಿನದಲ್ಲಿ ಮಾಯುತ್ತದೆ. ಬೆಣ್ಣೆಹಣ್ಣಿನ ಗಾಯ ಆ ಜಾತಿಯದ್ದಲ್ಲ. ಇಲ್ಲಿ ಚಾಕುವಿನ ಮೊನೆ ನೇರ ಒಳಗೆ ಇಳಿಯುತ್ತದೆ. ಹೊರಗೆ ಒಂದು ಸೆಂಟಿಮೀಟರ್ ಗೆರೆ ಕಾಣಬಹುದು, ಅಷ್ಟೇ. ಆದರೆ ಅಂಗೈ ಚರ್ಮದ ಕೆಳಗೆ ಸ್ವಲ್ಪವೇ ಆಳದಲ್ಲಿ ಪ್ರತಿ ಬೆರಳಿಗೂ ರಕ್ತನಾಳ, ಸ್ಪರ್ಶ ತಿಳಿಸುವ ನರ, ಬೆರಳನ್ನು ಮಡಚುವ ಟೆಂಡನ್ ಎಲ್ಲವೂ ಒತ್ತೊತ್ತಾಗಿ ಸಾಗುತ್ತವೆ.

ಟೆಂಡನ್ ಅಂದರೆ ಮುಂಗೈಯ ಸ್ನಾಯುವನ್ನು ಬೆರಳಿನ ಎಲುಬಿಗೆ ಕಟ್ಟಿರುವ ಬಿಳಿ ಹುರಿ. ಸ್ನಾಯು ಅದನ್ನು ಎಳೆದಾಗ ಬೆರಳು ಮಡಚುತ್ತದೆ. ಅದು ತುಂಡಾದರೆ ಸ್ನಾಯು ತನ್ನ ತುದಿಯನ್ನು ಹಿಂದಕ್ಕೆ ಎಳೆದುಕೊಂಡುಬಿಡುತ್ತದೆ, ಲಂಗದ ಲಾಡಿಯ ತುದಿ ಒಳಗೆ ಸೇರಿಕೊಂಡ ಹಾಗೆ. ಸರ್ಜನ್ ಅದನ್ನು ಹುಡುಕಿ ಹೊರತಂದು ಹೊಲಿಯಬೇಕು. ಹೊಲಿದ ಮೇಲೂ ಕೈಯನ್ನು ವಾರಗಟ್ಟಲೆ ಪಟ್ಟಿಯಲ್ಲಿಟ್ಟು, ಫಿಸಿಯೋಥೆರಪಿಸ್ಟ್ ಹೇಳಿದಷ್ಟೇ ಆಡಿಸಬೇಕು. ಮೊದಲಿನಂತೆ ಭಾರ ಎತ್ತಲು ಸುಮಾರು ಮೂರು ತಿಂಗಳು ಹಿಡಿಯುತ್ತದೆ. ನರ ತುಂಡಾಗಿದ್ದರೆ ಇನ್ನೂ ನಿಧಾನ. ಹೊಲಿದ ನರ ದಿನಕ್ಕೆ ಸುಮಾರು ಒಂದು ಮಿಲಿಮೀಟರ್ ಬೆಳೆಯುತ್ತದೆ. ಅಂಗೈಯಿಂದ ಬೆರಳ ತುದಿಗೆ ಹತ್ತು ಸೆಂಟಿಮೀಟರ್ ಅಂದುಕೊಂಡರೂ ಮೂರು ತಿಂಗಳಿಗೆ ಮೇಲಾಯಿತು. ಸ್ಪರ್ಶ ಪೂರ್ತಿ ಮರಳುತ್ತದೆ ಎಂಬ ಖಾತ್ರಿಯೂ ಇಲ್ಲ. ಟೈಪ್ ಮಾಡುವವರು, ಹೊಲಿಗೆ ಹಾಕುವವರು, ವೀಣೆ ನುಡಿಸುವವರು ಇದನ್ನು ಒಂದು ಗಳಿಗೆ ಯೋಚಿಸಿ ನೋಡಿ. ಒಂದು ಗ್ಲಾಸು ಮಿಲ್ಕ್‌ಶೇಕ್‌ಗಾಗಿ ಕೊಡುವ ಬೆಲೆಯಲ್ಲ ಅದು, ಅಲ್ವಾ?

ಎಚ್ಚರಿಕೆ ಶುರುವಾಗುವುದು ಅಂಗಡಿಯಲ್ಲಿ

ಕಾಯಿ ಗಟ್ಟಿ ಇದ್ದಷ್ಟೂ ಚಾಕುವಿಗೆ ಜಾಸ್ತಿ ಬಲ ಬೇಕು. ಜಾಸ್ತಿ ಬಲ ಇದ್ದಲ್ಲಿ ಜಾರಿದಾಗ ಪೆಟ್ಟೂ ಜಾಸ್ತಿ. ಹಣ್ಣಾಗದ ಕಾಯಿಯಲ್ಲಿ ಬೀಜವೂ ಬಿಗಿಯಾಗಿ ಅಂಟಿರುತ್ತದೆ, ಬಿಡಿಸಲು ಚಾಕುವೇ ಬೇಕು ಅನಿಸುತ್ತದೆ. ಸರಿಯಾಗಿ ಹಣ್ಣಾದದ್ದನ್ನು ಹೆಚ್ಚಿದರೆ ಅರ್ಧ ಅಪಾಯ ಅಲ್ಲೇ ಕಳೆಯಿತು.

ಬೆಣ್ಣೆಹಣ್ಣು ಮರದಲ್ಲಿ ಬಲಿಯುತ್ತದೆ, ಆದರೆ ಮರದಲ್ಲಿ ಹಣ್ಣಾಗುವುದಿಲ್ಲ. ಕಿತ್ತ ಮೇಲೆಯೇ ಮೆತ್ತಗಾಗುವುದು. ಮನೆಗೆ ಗಟ್ಟಿ ಕಾಯಿ ತಂದರೆ ಹೊರಗೇ ಇಡಿ. ಬಾಳೆಹಣ್ಣಿನ ಜೊತೆ ಕಾಗದದ ಚೀಲದಲ್ಲಿ ಹಾಕಿಟ್ಟರೆ ಬೇಗ ಹಣ್ಣಾಗುತ್ತದೆ. ಬಾಳೆಹಣ್ಣು ಬಿಡುವ ಎಥಿಲೀನ್ ಎಂಬ ಅನಿಲ ಇದನ್ನೂ ಹಣ್ಣು ಮಾಡುತ್ತದೆ. ಸಪೋಟ ಹಾಕುವ ಹಾಗೆ ಅಕ್ಕಿ ಡಬ್ಬದಲ್ಲಿ ಹೂತಿಟ್ಟರೂ ಆಗುತ್ತದೆ. ಅಲ್ಲಿ ಆ ಅನಿಲ ಹೊರಗೆ ಹೋಗದೆ ಸುತ್ತಲೇ ನಿಲ್ಲುತ್ತದೆ. ಗಟ್ಟಿ ಕಾಯಿಯನ್ನು ಫ್ರಿಜ್‌ಗೆ ಹಾಕಬೇಡಿ, ಹಣ್ಣಾಗುವುದು ತೀರಾ ನಿಧಾನವಾಗುತ್ತದೆ. ಹಣ್ಣಾದ ಮೇಲೆ ಹಾಕಿದರೆ ಎರಡು ಮೂರು ದಿನ ತಡೆಯುತ್ತದೆ. ಮೈಕ್ರೋವೇವ್‌ನಲ್ಲಿ ಬಿಸಿ ಮಾಡಿದರೆ ಕಾಯಿ ಮೆತ್ತಗಾಗುತ್ತದೆ, ಹಣ್ಣಾಗುವುದಿಲ್ಲ. ರುಚಿಯೂ ಕೆಡುತ್ತದೆ.

ಹಣ್ಣಾಗಿದೆಯೇ ಎಂದು ತಿಳಿಯಲು ಇಡೀ ಹಣ್ಣನ್ನು ಅಂಗೈಯಲ್ಲಿಟ್ಟು ಮೆಲ್ಲಗೆ ಅದುಮಿ. ಸ್ವಲ್ಪ ಬಗ್ಗಿದರೆ ಸರಿ. ಹೆಬ್ಬೆರಳಿನಿಂದ ಚುಚ್ಚಿ ನೋಡಿದರೆ ಅಲ್ಲಿ ಕಪ್ಪು ಕಲೆ ಬೀಳುತ್ತದೆ. ಬಣ್ಣ ನೋಡಿ ನಿರ್ಧಾರ ಮಾಡಬೇಡಿ. ಸೂಪರ್‌ಮಾರ್ಕೆಟ್‌ನಲ್ಲಿ ಸಿಗುವ, ಒರಟು ಸಿಪ್ಪೆಯ ಹ್ಯಾಸ್ ತಳಿ ಹಣ್ಣಾದಾಗ ಕಪ್ಪಗಾಗುತ್ತದೆ. ನಮ್ಮ ಕೊಡಗು, ಚಿಕ್ಕಮಗಳೂರು ಕಡೆಯ ಎಷ್ಟೋ ಹಣ್ಣು ಕೊನೆಯವರೆಗೂ ಹಸಿರಾಗಿಯೇ ಇರುತ್ತವೆ.

ಈ ವ್ಯತ್ಯಾಸ ಹೆಚ್ಚುವಾಗಲೂ ಮುಖ್ಯ. ಹ್ಯಾಸ್ ಎಂಬುದು ರುಡಾಲ್ಫ್ ಹ್ಯಾಸ್ ಎಂಬ ಅಂಚೆ ನೌಕರ 1926ರಲ್ಲಿ ಕ್ಯಾಲಿಫೋರ್ನಿಯಾದ ತನ್ನ ತೋಟದಲ್ಲಿ ಬೆಳೆಸಿದ ಒಂದೇ ಗಿಡದ ಸಂತತಿ. 1935ರಲ್ಲಿ ಅವನು ಅದಕ್ಕೆ ಪೇಟೆಂಟ್ ಪಡೆದ. ಇವತ್ತಿನ ಹ್ಯಾಸ್ ಮರಗಳೆಲ್ಲ ಅದರ ಕಸಿಗಳು. ಹಾಗಾಗಿ ಎಲ್ಲ ಹಣ್ಣೂ ಹೆಚ್ಚುಕಡಿಮೆ ಒಂದೇ ಗಾತ್ರ, ಒಂದೇ ಸಿಪ್ಪೆ, ಬೀಜವೂ ಒಂದೇ ಥರ. ವಿಡಿಯೋಗಳು ತೋರಿಸುವುದು ಬಹುತೇಕ ಈ ಹಣ್ಣನ್ನೇ. ನಮ್ಮ ಕಾಫಿ ತೋಟಗಳ ನಡುವೆ ಇರುವ ಹಳೆಯ ಮರಗಳು ಹೆಚ್ಚಾಗಿ ಬೀಜದಿಂದ ಎದ್ದವು. ಒಂದೊಂದು ಮರದ ಹಣ್ಣು ಒಂದೊಂದು ಥರ. ಒಂದು ಗುಂಡಗೆ, ಒಂದು ಉದ್ದ ಕತ್ತಿನದು. ಕೆಲವದರಲ್ಲಿ ಬೀಜ ಅಲುಗಾಡುತ್ತದೆ, ಕೆಲವದರಲ್ಲಿ ಅರ್ಧ ಹಣ್ಣೇ ಬೀಜ. ಕೊಡಗಿನ ಚೆಟ್ಟಳ್ಳಿಯ ಕೇಂದ್ರೀಯ ತೋಟಗಾರಿಕಾ ಪ್ರಯೋಗ ಕೇಂದ್ರದಿಂದ ಬಂದ ‘ಅರ್ಕಾ ಸುಪ್ರೀಂ’ನಂಥ ತಳಿಗಳ ಕಸಿ ಗಿಡಗಳು ಹೆಚ್ಚಿದಷ್ಟೂ ಒಂದೇ ಸಮನಾದ ಹಣ್ಣು ಸಿಗಬಹುದು. ಅಲ್ಲಿಯವರೆಗೆ, ಬೀಜ ಎಲ್ಲಿದೆ ಎಂದು ಮೊದಲೇ ಊಹಿಸಿ ಜೋರಾಗಿ ಚಾಕು ಹಾಕಬೇಡಿ. ಹಣ್ಣನ್ನು ಕಿವಿಯ ಹತ್ತಿರ ಅಲ್ಲಾಡಿಸಿ ನೋಡಿ. ಬೀಜ ಸದ್ದು ಮಾಡಿದರೆ ಬಿಡಿಸುವುದು ಸಲೀಸು.

ಹೆಚ್ಚುವ ಕ್ರಮ

ಮೊದಲು ತೊಳೆಯಿರಿ. ಸಿಪ್ಪೆ ತಿನ್ನುವುದಿಲ್ಲವಲ್ಲ, ಯಾಕೆ ತೊಳೆಯಬೇಕು ಅನಿಸಬಹುದು. ಚಾಕು ಸಿಪ್ಪೆಯ ಮೂಲಕವೇ ತಿರುಳಿಗೆ ಹೋಗುವುದು, ಸಿಪ್ಪೆಯ ಮೇಲಿದ್ದದ್ದನ್ನೂ ಜೊತೆಗೆ ಒಯ್ಯುತ್ತದೆ. ಅಮೆರಿಕದ ಆಹಾರ ಮತ್ತು ಔಷಧ ಆಡಳಿತ 2018ರಲ್ಲಿ ಪ್ರಕಟಿಸಿದ ಪರೀಕ್ಷೆಯಲ್ಲಿ, ಸಿಪ್ಪೆಯ ಮಾದರಿಗಳಲ್ಲಿ ಶೇ 17ಕ್ಕೂ ಹೆಚ್ಚಿನವುಗಳ ಮೇಲೆ ಲಿಸ್ಟೀರಿಯಾ ಎಂಬ ಬ್ಯಾಕ್ಟೀರಿಯಾ ಸಿಕ್ಕಿತ್ತು. ತಿರುಳಿನ ಮಾದರಿಗಳಲ್ಲಿ ಅದು ಸಿಕ್ಕಿದ್ದು ಶೇ 1ಕ್ಕಿಂತಲೂ ಕಡಿಮೆ. ಗರ್ಭಿಣಿಯರಿಗೆ, ವಯಸ್ಸಾದವರಿಗೆ ಇದು ಅಪಾಯಕಾರಿ. ನಲ್ಲಿ ನೀರಿನ ಕೆಳಗೆ ಶುಚಿಯಾದ ಬ್ರಷ್‌ನಿಂದ ಚೆನ್ನಾಗಿ ಉಜ್ಜಿ ತೊಳೆದರೆ ಆಯಿತು, ಸೋಪು ಬೇಡ. ಆಮೇಲೆ ಬಟ್ಟೆಯಲ್ಲಿ ಒರೆಸಿ ಒಣಗಿಸಿ. ಒದ್ದೆ ಹಣ್ಣು ಜಾರುತ್ತದೆ. ನಿಮ್ಮ ಕೈಯೂ ಒಣಗಿರಲಿ.

ಹಲಗೆಯ ಕೆಳಗೆ ಒದ್ದೆ ಬಟ್ಟೆ ಹಾಸಿ, ಅದು ಸರಿಯದ ಹಾಗೆ. ಚಾಕು ಹರಿತವಾಗಿರಲಿ. ಮೊಂಡು ಚಾಕು ಸುರಕ್ಷಿತ ಎಂದು ತುಂಬಾ ಜನ ನಂಬಿದ್ದಾರೆ, ಅದು ತಪ್ಪು. ಮೊಂಡು ಚಾಕುವನ್ನು ಒತ್ತಬೇಕಾಗುತ್ತದೆ, ಒತ್ತಿದ್ದು ಜಾರುತ್ತದೆ.

ಹಣ್ಣನ್ನು ಹಲಗೆಯ ಮೇಲೆ ಉದ್ದಕ್ಕೆ ಮಲಗಿಸಿ. ಉರುಳುತ್ತಿದ್ದರೆ ಪಕ್ಕದಲ್ಲಿ ಮಡಚಿದ ಬಟ್ಟೆಯನ್ನು ಒತ್ತಾಗಿ ಇಡಿ. ಎಡಗೈ ಬೆರಳುಗಳು ಹಣ್ಣಿನ ಬದಿಯನ್ನು ಹಿಡಿದಿರಲಿ, ಚಾಕು ಇಳಿಯುವ ಗೆರೆಯಿಂದ ದೂರ. ತೊಟ್ಟಿನಿಂದ ತಳದವರೆಗೆ ಮೇಲಿನಿಂದ ಕೆಳಕ್ಕೆ ಕೊಯ್ಯಿರಿ. ಬೀಜ ತಗುಲಿದ್ದು ಕೈಗೆ ತಿಳಿಯುತ್ತದೆ. ಅಲ್ಲಿಗೆ ನಿಲ್ಲಿಸಿ. ಬೀಜವನ್ನು ಕತ್ತರಿಸುವುದು ನಮ್ಮ ಕೆಲಸ ಅಲ್ಲ. ಚಾಕು ಹೊರಗೆ ತೆಗೆದು, ಹಣ್ಣನ್ನು ಹಲಗೆಯ ಮೇಲೇ ಕಾಲು ಸುತ್ತು ಉರುಳಿಸಿ, ಇನ್ನೊಂದು ಗೆರೆ. ಹೀಗೆ ನಾಲ್ಕು ಗೆರೆ ಹಾಕಿದರೆ ಹಣ್ಣು ನಾಲ್ಕು ಹೋಳಾಗುತ್ತದೆ. ಪ್ರತಿ ಸಲವೂ ಅಲಗು ಹೋಗುವುದು ಹಲಗೆಯ ಕಡೆಗೆ, ಕೈಯ ಕಡೆಗೆ ಅಲ್ಲ.

ಈಗ ಚಾಕುವನ್ನು ದೂರ ಇಡಿ. ಒಂದೊಂದೇ ಹೋಳನ್ನು ಬೆರಳಿನಿಂದ ಬಿಡಿಸಿ ಎಳೆದರೆ ಬರುತ್ತದೆ. ಕೊನೆಯ ಹೋಳಿಗೆ ಬೀಜ ಅಂಟಿಕೊಂಡಿದ್ದರೂ ಕೈಯಿಂದಲೇ ಕೀಳಬಹುದು. ನನಗೆ ಅರ್ಧ ಮಾಡುವುದಕ್ಕಿಂತ ಈ ನಾಲ್ಕು ಹೋಳಿನ ಕ್ರಮವೇ ಮೇಲು ಅನಿಸುತ್ತದೆ. ಬೀಜ ಬಿಡಿಸುವ ತಾಪತ್ರಯವೇ ಇದರಲ್ಲಿ ಇಲ್ಲ. ಅರ್ಧ ಹೋಳೇ ಬೇಕು ಎಂದಾದರೆ ಎದುರುಬದುರು ಎರಡು ಗೆರೆ ಮಾತ್ರ ಹಾಕಿ, ಎರಡೂ ಕೈಯಲ್ಲಿ ಹಿಡಿದು ತಿರುಚಿ ಬೇರೆ ಮಾಡಿ. ಬೀಜದ ಅಂಚಿಗೆ ಚಮಚ ತೂರಿಸಿ ಮೇಲೆತ್ತಿ. ಹಣ್ಣಾಗಿದ್ದರೆ ಸುಲಭವಾಗಿ ಏಳುತ್ತದೆ. ಏಳಲಿಲ್ಲ ಅಂದರೆ ಇನ್ನೂ ಹಣ್ಣಾಗಿಲ್ಲ ಅಂತ ಅರ್ಥ. ಜಗ್ಗಾಡಬೇಡಿ. ಕೊಯ್ದ ಭಾಗಕ್ಕೆ ನಿಂಬೆರಸ ಸವರಿ, ಎರಡೂ ಹೋಳು ಮತ್ತೆ ಜೋಡಿಸಿ, ಬಿಗಿಯಾಗಿ ಸುತ್ತಿ ಫ್ರಿಜ್‌ನಲ್ಲಿಟ್ಟು ಮಾರನೇ ದಿನ ನೋಡಿ.

ಈಳಿಗೆಮಣೆ ಇರುವ ಮನೆಗಳಲ್ಲಿ ಅದರಲ್ಲೇ ಸೀಳಬಹುದಲ್ಲ ಎಂಬ ಪ್ರಶ್ನೆ ಬರುತ್ತದೆ. ಹಲಸು, ಕುಂಬಳಕಾಯಿಗೆ ಅದಕ್ಕಿಂತ ಒಳ್ಳೆಯ ಸಾಧನ ಇಲ್ಲ. ಬೆಣ್ಣೆಹಣ್ಣಿಗೆ ಬೇಡ ಎಂಬುದು ನನ್ನ ಅಭಿಪ್ರಾಯ. ಅಲ್ಲಿ ಅಲಗು ನಿಂತಿರುತ್ತದೆ, ಹಣ್ಣು ಹಿಡಿದ ಕೈ ಅದರ ಕಡೆಗೆ ಹೋಗುತ್ತದೆ. ಮೆತ್ತಗಿನ ಹಣ್ಣು ಕೈಯಲ್ಲಿ ಹಿಸುಕಿಕೊಂಡು ಜಾರಿದರೆ ಬೆರಳು ನೇರ ಅಲಗಿಗೇ ಹೋಗುತ್ತದೆ.

ಸಿಪ್ಪೆ ತೆಗೆಯುವುದು ಸಲೀಸು. ನಮ್ಮ ತೆಳು ಸಿಪ್ಪೆಯ ಹಣ್ಣಾದರೆ ತೊಟ್ಟಿನ ಕಡೆಯಿಂದ ಹಿಡಿದು ಎಳೆದರೆ ಸುಲಿದು ಬರುತ್ತದೆ. ಸಿಪ್ಪೆಗೆ ಅಂಟಿದ ಕಡುಹಸಿರು ಪದರವನ್ನು ಬಿಡಬೇಡಿ. ಕ್ಯಾರೊಟಿನಾಯ್ಡ್ ಎಂಬ ಒಳ್ಳೆಯ ಅಂಶ ಜಾಸ್ತಿ ಇರುವುದು ಅಲ್ಲೇ. ಸಿಪ್ಪೆ ಹರಿಯುತ್ತಿದ್ದರೆ ಚಮಚದಿಂದ ಕೆರೆದು ತೆಗೆಯಿರಿ.

ಜನ ಮತ್ತೆ ಎಡವುವುದು ಹೋಳು ಮಾಡುವಾಗ. ಬೀಜ ಹೋಯಿತು, ಇನ್ನೇನು ಭಯ ಎಂದು ಅರ್ಧ ಹಣ್ಣನ್ನು ಅಂಗೈಯಲ್ಲಿಟ್ಟು ಚಾಕುವಿನ ಮೊನೆಯಿಂದ ಉದ್ದಕ್ಕೆ, ಅಡ್ಡಕ್ಕೆ ಗೆರೆ ಹಾಕುತ್ತಾರೆ. ತೆಳು ಸಿಪ್ಪೆ ಚಾಕುವನ್ನು ತಡೆಯುವುದಿಲ್ಲ. ಸುಲಿದ ಹೋಳನ್ನು ಹಲಗೆಯ ಮೇಲೆ ಬೋರಲು ಹಾಕಿ ಹೆಚ್ಚಿ. ಮಿಲ್ಕ್‌ಶೇಕ್‌ಗೋ ಚಪಾತಿ ಹಿಟ್ಟಿಗೋ ಆದರೆ ಹೆಚ್ಚುವುದೇ ಬೇಡ, ಫೋರ್ಕ್ ಅಥವಾ ಸೌಟಿನ ಹಿಂಭಾಗದಿಂದ ಮಸೆದರೆ ಸಾಕು. ಮಕ್ಕಳು ಸಹಾಯ ಮಾಡುತ್ತೇವೆ ಅಂದರೆ ಈ ಮಸೆಯುವ ಕೆಲಸ ಕೊಡಿ.

ಕೈಗೆ ಚಾಕು ತಗುಲಿದರೆ

ಒಗೆದ ಬಟ್ಟೆಯನ್ನು ಗಾಯದ ಮೇಲಿಟ್ಟು ಗಟ್ಟಿಯಾಗಿ ಒತ್ತಿ ಹಿಡಿಯಿರಿ. ಹತ್ತು ನಿಮಿಷ ಬಿಡಬೇಡಿ, ನಡುನಡುವೆ ತೆಗೆದು ನೋಡಬೇಡಿ. ಕೈ ಎದೆಗಿಂತ ಮೇಲಿರಲಿ. ಉಂಗುರ, ಬಳೆ ತಕ್ಷಣ ತೆಗೆಯಿರಿ, ಆಮೇಲೆ ಕೈ ಊದಿಕೊಂಡರೆ ಬರುವುದಿಲ್ಲ. ಚಾಕು ಇನ್ನೂ ನಾಟಿಕೊಂಡಿದ್ದರೆ ಕೀಳಬೇಡಿ, ಹಾಗೇ ಅಲುಗಾಡದಂತೆ ಬಟ್ಟೆ ಕಟ್ಟಿ ಆಸ್ಪತ್ರೆಗೆ ಹೋಗಿ. ಕಾಫಿ ಪುಡಿ, ಅರಿಶಿನ ಮೆತ್ತಬೇಡಿ ಎಂದು ಕೈಮುಗಿದು ಕೇಳುತ್ತೇನೆ. ಆಳದ ಗಾಯದಲ್ಲಿ ಅದು ಕೊಳೆಯಾಗಿ ಕೂರುತ್ತದೆ. ವೈದ್ಯರು ಮೊದಲು ಅದನ್ನೆಲ್ಲ ತೊಳೆದು ತೆಗೆಯಬೇಕಾಗುತ್ತದೆ.

ರಕ್ತ ನಿಂತ ಮೇಲೆ ಎರಡು ವಿಷಯ ನೋಡಿ. ಪ್ರತಿ ಬೆರಳಿನ ತುದಿಯ ಗೆಣ್ಣನ್ನು ಒಂದೊಂದಾಗಿ ಮಡಚಲು ಆಗುತ್ತದೆಯೇ? ಬೆರಳಿನ ಎರಡೂ ಬದಿಗೆ ಹತ್ತಿ ತಾಗಿಸಿದರೆ ಒಂದೇ ಥರ ಗೊತ್ತಾಗುತ್ತದೆಯೇ? ಮಡಚಲು ಆಗದಿದ್ದರೆ, ಜುಮ್ಮೆನ್ನುತ್ತಿದ್ದರೆ, ಒಂದು ಬದಿ ಮರಗಟ್ಟಿದ್ದರೆ ಅದೇ ದಿನ ಕೈ ಸರ್ಜರಿ ಮಾಡುವ ಪ್ಲಾಸ್ಟಿಕ್ ಸರ್ಜನ್ ಅಥವಾ ಮೂಳೆ ತಜ್ಞರು ಇರುವ ಆಸ್ಪತ್ರೆಗೆ ಹೋಗಿ. ಎರಡೂ ಸರಿ ಇದ್ದರೂ ಗಾಯ ಆಳವಾಗಿದ್ದರೆ ತೋರಿಸಲೇಬೇಕು. ಅರ್ಧ ತುಂಡಾದ ಟೆಂಡನ್ ಇವತ್ತು ಬೆರಳು ಮಡಚುತ್ತದೆ, ನಾಳೆ ಭಾರ ಎತ್ತಿದಾಗ ಪೂರ್ತಿ ಹರಿಯಬಹುದು. ಚರ್ಮಕ್ಕೆ ಎರಡು ಹೊಲಿಗೆ ಹಾಕಿ ಕಳಿಸಿದರೆ ಸುಮ್ನೆ ಬರಬೇಡಿ. ಒಳಗೆ ನರ, ಟೆಂಡನ್ ನೋಡಿದಿರಾ ಎಂದು ಬಾಯಿಬಿಟ್ಟು ಕೇಳಿ. ಟಿಟಿ ಇಂಜೆಕ್ಷನ್ ಯಾವಾಗ ಆಗಿತ್ತು ಎಂಬುದನ್ನೂ ಹೇಳಿ.

ಉಳಿದ ಹಣ್ಣು, ಸಿಪ್ಪೆ, ಬೀಜ

ಕೊಯ್ದ ಹಣ್ಣು ಕಂದು ಆಗುವುದು ಗಾಳಿಯ ಆಮ್ಲಜನಕ ತಾಗುವುದರಿಂದ. ತಿರುಳಿನಲ್ಲಿರುವ ಒಂದು ಕಿಣ್ವ ಆಮ್ಲಜನಕ ಸಿಕ್ಕ ಕೂಡಲೇ ಕೆಲಸ ಶುರು ಮಾಡುತ್ತದೆ. ನಿಂಬೆರಸದ ಹುಳಿ ಆ ಕಿಣ್ವವನ್ನು ನಿಧಾನ ಮಾಡುತ್ತದೆ. ಪ್ಲಾಸ್ಟಿಕ್ ಹಾಳೆಯನ್ನು ತಿರುಳಿಗೆ ಅಂಟಿಸಿ ಮುಚ್ಚಿದರೆ ಗಾಳಿ ತಾಗುವುದಿಲ್ಲ. ಬೀಜ ಹಾಗೇ ಬಿಟ್ಟರೆ ಕಂದಾಗುವುದಿಲ್ಲ ಅಂತಾರೆ. ಬೀಜದ ಕೆಳಗಿರುವಷ್ಟು ಜಾಗ ಮಾತ್ರ ಉಳಿಯುತ್ತದೆ. ಕಂದಾದ ಮೇಲ್ಪದರವನ್ನು ಕೆರೆದು ತೆಗೆದು ಉಳಿದದ್ದನ್ನು ತಿನ್ನಬಹುದು. ಒಂದೆರಡು ದಿನದೊಳಗೆ ಮುಗಿಸಿ.

ಹಣ್ಣನ್ನು ನೀರಿನಲ್ಲಿ ಮುಳುಗಿಸಿ ಫ್ರಿಜ್‌ನಲ್ಲಿಟ್ಟರೆ ವಾರಗಟ್ಟಲೆ ತಾಜಾ ಎಂಬ ವಿಡಿಯೋಗಳು ಓಡಾಡಿದವು. ಅದು ಬೇಡ. ಅಮೆರಿಕದ ಅದೇ ಆಹಾರ ಮತ್ತು ಔಷಧ ಆಡಳಿತ 2022ರಲ್ಲಿ ಹಾಗೆ ಮಾಡಬೇಡಿ ಎಂದು ಹೇಳಿತು. ಸಿಪ್ಪೆಯ ಮೇಲಿನ ಲಿಸ್ಟೀರಿಯಾ, ಸಾಲ್ಮೊನೆಲ್ಲಾ ಆ ನೀರಿನಲ್ಲಿ ಬೆಳೆದು ತಿರುಳಿಗೂ ಸೇರಬಹುದು.

ರಬ್ಬರ್ ಗ್ಲೌಸ್ ಹಾಕಿದರೆ ಅಲರ್ಜಿ ಆಗುವವರಲ್ಲಿ ಕೆಲವರಿಗೆ ಬೆಣ್ಣೆಹಣ್ಣೂ ಆಗುವುದಿಲ್ಲ. ಬಾಯಿ ತುರಿಸಿದರೆ ನಿಲ್ಲಿಸಿ, ವೈದ್ಯರನ್ನು ಕೇಳಿ. ಬೀಜವನ್ನು ಒಣಗಿಸಿ ಪುಡಿ ಮಾಡಿ ಕುಡಿಯುವ ಸಲಹೆಗಳನ್ನು ನಂಬಬೇಡಿ.

ಇನ್ನು ನಮ್ಮ ಹಳ್ಳಿಮನೆಗಳಿಗೆ ಮುಖ್ಯವಾದ ಮಾತು. ಅಡುಗೆಮನೆಯ ಸಿಪ್ಪೆಯೆಲ್ಲ ಕೊಟ್ಟಿಗೆಗೆ ಹೋಗುವುದು ರೂಢಿ. ಬೆಣ್ಣೆಹಣ್ಣಿನ ಸಿಪ್ಪೆ, ಬೀಜ, ಎಲೆಗಳನ್ನು ಹಸುವಿಗೆ, ಮೇಕೆಗೆ ಹಾಕಬೇಡಿ. ಅವುಗಳಲ್ಲಿ ಪರ್ಸಿನ್ ಎಂಬ ವಿಷಾಂಶ ಇದೆ. ನಮಗೆ ತಿರುಳಿನಿಂದ ತೊಂದರೆ ಇಲ್ಲ. ಆದರೆ ಹಸು, ಮೇಕೆಗಳಲ್ಲಿ ಕೆಚ್ಚಲು ಬಾತು ಹಾಲು ಕಡಿಮೆಯಾಗುತ್ತದೆ, ಜಾಸ್ತಿ ತಿಂದರೆ ಹೃದಯಕ್ಕೂ ಪೆಟ್ಟು. ಮೊಲ, ಕುದುರೆಗೂ ಆಗದು. ಸಾಕಿದ ಗಿಳಿ, ಲವ್ ಬರ್ಡ್ಸ್‌ಗೆ ತಿರುಳೂ ಕೊಡಬಾರದು, ಸ್ವಲ್ಪವೇ ತಿಂದರೂ ಸಾಯಬಹುದು. ಸಿಪ್ಪೆ, ಬೀಜಗಳನ್ನು ದನಗಳ ಬಾಯಿಗೆ ಸಿಗದಂತೆ ಗೊಬ್ಬರದ ಗುಂಡಿಗೆ ಹಾಕಿ ಮೇಲೆ ಮಣ್ಣು ಎಳೆಯಿರಿ.